ಕಾರಿನವರೆಗೂ ನಾನೇ ಹೊತ್ತೆ

ಎರ್ನಾಕುಳಕ್ಕೆ ಬಂದ ಮೊದಲ ಬೆಳಿಗ್ಗೆ ತಂಗಿಯ ಕೋಣೆಯಲ್ಲಿ ಒಬ್ಬ ಹೆಂಗಸು ಒಂದೇ ಸಾವಿಗೆ ಮತ್ತೆ ಮತ್ತೆ ಅತ್ತಳು. ನಾಲ್ಕನೇ ಸಲಕ್ಕೆ ತಡೆಯಲಾರದೆ ಒಳಗೆ ನುಗ್ಗಿದೆ. ಕಿಟಕಿಗೆಲ್ಲ ಕಪ್ಪು ಬಟ್ಟೆ, ಎರಡು ಕಂಪ್ಯೂಟರ್, ಎದುರಿಗೆ ನನ್ನ ತಂಗಿ ಸವಿತಾ.

"ಎಡಿಟಿಂಗ್ ಕಣಣ್ಣ. ಎಲ್ಲಿಗಂಟ ಅಳಬೇಕು ಅಂತ ನೋಡ್ತಿವ್ನಿ."

"ನಮ್ಮೂರಲ್ಲಾದ್ರೆ ಸಾಕಾದಾಗ ಅವ್ರೇ ನಿಲ್ಲುಸ್ತಾರೆ ಬುಡವ್ವ," ಅಂದೆ. ನಕ್ಕಳು.

ನಾನು ಕೋಟೆ ತಾಲ್ಲೂಕಿನ ಎನ್. ಬೇಗೂರಿನವನು, ಏಳನೇ ಕ್ಲಾಸಿಗೆ ಶಾಲೆ ಬಿಟ್ಟವನು. ಒಂಟಿ ಹೆಣ್ಣಿಗೆ ಇಲ್ಲಿ ಮನೆ ಸಿಗಲಿಲ್ಲ. ಅಣ್ಣ ಇರುತ್ತಾನೆ ಅಂದ ಮೇಲೆ ಮಾಲೀಕ ಬೀಗ ತೆಗೆದ. ಹಾಗೆ ಬಂದೆ. ಅಡುಗೆ ನನ್ನದು. ಇಲ್ಲಿನ ಕೆಂಪಕ್ಕಿಯ ದಪ್ಪ ಅಗುಳು ಗಂಟಲಿಗಿಳಿಯಲು ಒಂದು ತಿಂಗಳು ಬೇಕಾಯಿತು.

ಭಾಷೆ ಬರುತ್ತದೆಂಬ ಜಂಬವಿತ್ತು. ನಮ್ಮ ಹೊಲವನ್ನು ಶುಂಠಿಗೆ ಗುತ್ತಿಗೆ ಹಿಡಿಯುತ್ತಿದ್ದ ಮಲಯಾಳಿಗಳಿಂದ ಕಲಿತದ್ದು. ಅವರು ಹೇಳಿದ್ದಕ್ಕೆಲ್ಲ ನಾವು 'ಶರಿ', ಅಂದರೆ ಆಗಲಿ, ಅನ್ನುತ್ತಿದ್ದೆವು. ಅವರ ಲಾರಿ ಬಂದರೆ ಕರೆಯುವ ಮೊದಲೇ ಹೋಗಿ ಮೂಟೆ ಹೊರುತ್ತಿದ್ದೆವು. ಯಾಕೆ ಎಂದು ಕೇಳುವುದು ನಮ್ಮಲ್ಲಿ ಮರ್ಯಾದೆಯಲ್ಲ. ಆ ಮರ್ಯಾದೆಗೆ ಬೆಂಕಿ ಬೀಳಲಿ.

ಎಂಟು ವರ್ಷ ಬೇರೆಯವರ ಕೈಕೆಳಗೆ ದುಡಿದ ಸವಿತಾ ಒಬ್ಬಳೇ ಕತ್ತರಿಸಿ ಜೋಡಿಸಿದ ಮೊದಲ ಸಿನಿಮಾ ಅದು. ಒಂದು ದಿನ ಹೊರಗೆ ಹೊರಡುವಾಗ, ಇಡೀ ಸಿನಿಮಾ ತುಂಬಿಟ್ಟಿದ್ದ ಡಿಸ್ಕುಗಳ ಬ್ಯಾಗು ತೋರಿಸಿದಳು. "ಅಣ್ಣ, ನನ್ ಹೆಸ್ರು ಹಾಕ್ತೀನಿ ಅಂತ ಡೈರೆಕ್ಟ್ರು ಬರ್ದು ಕೊಡೋಗಂಟ ಇದ್ನ ಯಾರ್ಗೂ ಕೊಡ್‌ಬ್ಯಾಡ. ಇದು ಕೈಲಿದ್ರೆ ತಾನೆ ನಮ್ ಮಾತು ನಡ್ಯೋದು?"

ಮಧ್ಯಾಹ್ನ ನಿರ್ದೇಶಕ ಬಂದ. ಬಿಳಿ ಅಂಗಿ, ನಗುಮುಖ. 'ಚೇಟ್ಟಾ', ಅಂದರೆ ಅಣ್ಣಾ, ಎಂದ. ಡಿಸ್ಕ್ ಬೇಕು, ಸವಿತಾಗೆ ಗೊತ್ತಿದೆ ಎಂದ. ಅವಳಿಗೆ ಒಂದು ಫೋನ್ ಮಾಡಬಹುದಿತ್ತು. ಬಾಗಿಲಲ್ಲಿ ನಿಂತವನ ಎದುರೇ ಅವನ ಮಾತು ನಿಜವೋ ಸುಳ್ಳೋ ಎಂದು ಹೇಗೆ ವಿಚಾರಿಸುವುದು? 'ಶರಿ' ಎಂದೆ. ಬ್ಯಾಗನ್ನು ನಾನೇ ಹೆಗಲಿಗೇರಿಸಿ, ಮೂರು ಮಹಡಿ ಇಳಿದು, ಅವನ ಕಾರಿನಲ್ಲಿಟ್ಟೆ.

ಸಂಜೆ ಸವಿತಾ ಎಷ್ಟು ಸಲ ಫೋನ್ ಹಚ್ಚಿದರೂ ಅವನು ಎತ್ತಲಿಲ್ಲ.

ಬಿಡುಗಡೆಯ ದಿನ ಇಬ್ಬರೂ ಹೋಗಿ ನೋಡಿದೆವು. ಅವಳು ಮಾಡಿದ ಕೆಲಸದಲ್ಲಿ ಒಂದು ಚೂರೂ ಬದಲಾಗಿರಲಿಲ್ಲ. ಸಂಕಲನ ಎಂಬಲ್ಲಿ ಮಾತ್ರ ಯಾರೋ ಹೆಸರುವಾಸಿಯ ಹೆಸರು. ಜನ ನಾಯಕನನ್ನು ಹೊಗಳುತ್ತಾ ಎದ್ದು ಹೋದರು. ಅವನನ್ನು ನಾಯಕ ಮಾಡಿದ್ದು ನನ್ನ ತಂಗಿ ಕಣ್ರೋ ಎಂದು ಕಿರುಚಬೇಕೆನಿಸಿತು. ನನ್ನ ಮಲಯಾಳದಲ್ಲಿ ಅಷ್ಟು ದೊಡ್ಡ ಮಾತಿರಲಿಲ್ಲ.

"ಕಳ್ಳ ನನ್ಮಗ," ಎಂದೆ ಬಸ್ ಸ್ಟಾಪಿನಲ್ಲಿ.

"ಅವ್ನು ಕಳ್ಳ ಅಂತ್ಲೇ ನಿಂಗೆ ಯೋಳಿದ್ದು. ಕಾರ್‌ಗಂಟ ಹೊತ್ಕೊಂಡೋದ್ಯಲ್ಲಣ್ಣ."

ಮರುದಿನ ಚಿಕ್ಕಪ್ಪನ ಫೋನು. "ನಮ್ ಸವಿತನ್ ಹೆಸ್ರು ಬಂತೇನ್ಲಾ? ಕೋಟೆಗಂಟ ಎಲ್ರುಗೂ ಯೋಳ್ಬುಟ್ಟಿವ್ನಿ ಕಣ್ಲಾ!"

"ಬಂತು ಚಿಕ್ಕಪ್ಪ," ಅಂದೆ.

ಬರಲಿಲ್ಲ. ಊರವರೇ, ಅದನ್ನು ಹೇಳಲೆಂದೇ ಇದನ್ನು ಬರೆದೆ. ಊರಿಗೆ ಬಂದು ನಿಮ್ಮ ನಡುವೆ ಯಾವ ಮುಖ ಹೊತ್ತು ಕೂರಲಿ? ಇಲ್ಲಿಂದ ಹೊರಟರೆ ಅವಳ ಮನೆ ಬಿಡಿಸುತ್ತಾರೆ. ಅವಳಿಗೆ ಹೊಸ ಸಿನಿಮಾ ಸಿಕ್ಕಿದೆ. ಮುದ್ದೆ ಬಡಿಸಿದರೆ ಉಣ್ಣುತ್ತಾಳೆ. ಸ್ನಾನಕ್ಕೆ ಹೋಗುವಾಗಲೂ ಹೊಸ ಡಿಸ್ಕುಗಳನ್ನು ಜೊತೆಗೇ ಒಯ್ದು ಒಳಗಿನಿಂದ ಚಿಲಕ ಹಾಕಿಕೊಳ್ಳುತ್ತಾಳೆ. ಆಗ ಮನೆಯಲ್ಲಿ ನಾನೊಬ್ಬನೇ ಇರುತ್ತೇನೆ.