ಹೀರಾಳ ಬುಟ್ಟಿಯ ಹಸಿರು ಚೀಟಿ

ಮಲ್ಲಾಪುರದ ನೌಕರರ ಸಾಲುಮನೆಗಳಲ್ಲಿ ಅಮದಳ್ಳಿಯ ಹೀರಾ ಅಂದರೆ ಮೊದಲು ನೆನಪಾಗುವುದು ಅವಳ ಮೀನಲ್ಲ, ಅವಳ ಜೋರು. ಬುಟ್ಟಿ ಇಳಿಸಿದ ಮೇಲೆ ಮೀನಿನ ಕಣ್ಣು ನೋಡಬಹುದು, ಬೆರಳಿನಿಂದ ಒತ್ತಬಹುದು, ಬೇಕಾದಷ್ಟು ಹೊತ್ತು ಚೌಕಾಸಿ ಮಾಡಬಹುದು. ಆದರೆ ಯಾರಾದರೂ ಬಾಂಗಡೆಯನ್ನು ಮೂಗಿನ ಹತ್ತಿರ ಒಯ್ದರೆ ಮುಗಿಯಿತು. "ಮೂಸೋರಿಗೆ ಮೀನಿಲ್ಲ" ಎಂದು ಕೈಯಿಂದ ಕಸಿದು ಬುಟ್ಟಿಗೆ ಹಾಕಿ, ಸಿಂಬಿ ತಲೆಗಿಟ್ಟು ನಡೆದೇಬಿಡುತ್ತಿದ್ದಳು. ಹೊಸದಾಗಿ ವರ್ಗವಾಗಿ ಬಂದ ಸಂಸಾರಗಳು ಮೊದಮೊದಲು ಸಿಟ್ಟಾಗುತ್ತಿದ್ದವು, ಆಮೇಲೆ ಅವರೇ ಅವಳ ದಾರಿ ಕಾಯುತ್ತಿದ್ದರು. ಮೂಸುವ ಕೆಲಸವನ್ನು ಹೀರಾ ಕಾರವಾರದ ಬೈತಖೋಲ ಬಂದರಿನಲ್ಲೇ ಮುಗಿಸಿ ಬಂದಿರುತ್ತಾಳೆ ಎಂಬುದು ಅಷ್ಟರಲ್ಲಿ ಅವರಿಗೂ ತಿಳಿದಿರುತ್ತಿತ್ತು.

ಬಂದರಿನಲ್ಲಿ ಮೀನು ಕೊಂಡ ಮೇಲೆ ಅವಳು ಒಂದು ದೊಡ್ಡ ಬಾಟಲಿಯಲ್ಲಿ ಸಮುದ್ರದ ನೀರು ತುಂಬಿಕೊಳ್ಳುವಳು. ಬಸ್ಸು ಕಾಳಿ ನದಿಯ ಪಕ್ಕದಲ್ಲಿ ಹತ್ತಿಳಿಯುತ್ತ ಸಾಗುವಾಗ ಆಗಾಗ ಮುಚ್ಚಳ ಸರಿಸಿ ಅದನ್ನೇ ಬುಟ್ಟಿಗೆ ಚಿಮುಕಿಸುವಳು. ಬಾವಿಯ ನೀರು ತಾಗಿದರೆ ಮೀನು ಸತ್ತ ಮೇಲೆ ಇನ್ನೊಮ್ಮೆ ಸಾಯುತ್ತದೆ ಎಂದು ಅವಳ ಆಯಿ ಹೇಳುತ್ತಿದ್ದಳು. ಕಂಡಕ್ಟರ್ ದಿನವೂ ಗೊಣಗುತ್ತಿದ್ದ, ಅವಳು ದಿನವೂ ಚಿಮುಕಿಸುತ್ತಿದ್ದಳು. ಅದು ಉಸಿರಾಡಿದಷ್ಟು ಸಹಜವಾದ ಕೆಲಸ, ಯಾರಿಗೂ ಹೇಳುವಂಥದ್ದಲ್ಲ.

ಕೊರೊನಾದ ಎರಡನೇ ಅಲೆಯಲ್ಲಿ ಅವಳಿಗೂ ಜ್ವರ ಬಂದು ಹೋಯಿತು. ಹೋಗುವಾಗ ಮೂಗನ್ನೂ ಒಯ್ದಿತು. ಒಂದು ಸಂಜೆ ಒಲೆಯಲ್ಲಿ ಸುಡಲಿಟ್ಟ ಒಣಮೀನು ಕರಕಲಾಗಿ, ಹೊಗೆ ಕಣ್ಣಿಗೆ ಹೊಡೆದಾಗಲೇ ಅವಳಿಗೆ ಅದು ತಿಳಿದದ್ದು. ಕೇರಿಯಲ್ಲಿ ಬೇರೆಯವರ ಮೂಗು ಒಂದೊಂದಾಗಿ ಮರಳಿ ಬಂತು. ಹೀರಾಳದ್ದು ಬರಲಿಲ್ಲ. ಗಂಡ ಮಾದೇವ ಮೊಣಕಾಲು ನೋವಿಗೆ ಬೋಟಿನ ಕೆಲಸ ಬಿಟ್ಟು ಕೂತಿದ್ದ. ಮನೆ ನಡೆಯುತ್ತಿದ್ದುದು ಅವಳ ಬುಟ್ಟಿಯಿಂದ, ಬುಟ್ಟಿ ನಡೆಯುತ್ತಿದ್ದುದು ಅವಳ ಮೂಗಿನ ಹೆಸರಿನಿಂದ. ಹಾಗಾಗಿ ಗಂಡನಿಗೂ ಹೇಳಲಿಲ್ಲ. ಬಂದರಿನಲ್ಲಿ ಮೀನನ್ನು ಹಿಂದಿನ ಹಾಗೆಯೇ ಮೂಗಿಗೆ ಹಿಡಿಯುವಳು, ಹುಬ್ಬು ಗಂಟಿಕ್ಕುವಳು, ಆಮೇಲೆ ಕಿವಿರಿನ ಕೆಂಪು ನೋಡಿ ಆರಿಸುವಳು. ಬಲೆಯಿಂದ ಆಗಷ್ಟೇ ಇಳಿದ ಮೀನಿಗೆ ಕಣ್ಣು, ಬೆರಳು ಸಾಕು. ಆದರೆ ಬಸ್ಸಿನ ಬಿಸಿಲಿನಲ್ಲಿ ಬುಟ್ಟಿಯೊಳಗೆ ಏನಾಗುತ್ತಿದೆ ಎಂಬುದು ಮೂಗಿಗೆ ಮೊದಲು ಗೊತ್ತಾಗುತ್ತದೆ, ಉಳಿದವಕ್ಕೆಲ್ಲ ಆಮೇಲೆ. ಆ ದಾರಿಯುದ್ದಕ್ಕೂ ಅವಳು ಮುಚ್ಚಳ ಸರಿಸಿ ಸರಿಸಿ ಮೀನು ಒತ್ತಿ ನೋಡುತ್ತಿದ್ದಳು.

ಹೀಗಿರುವಾಗ ತಂಗಿಯ ಮಗಳು ಸ್ವಾತಿ ಒಂದು ಲಕೋಟೆ ಹಿಡಿದು ಬಂದಳು. ಅವಳು ಎಂಎಸ್ಸಿ ಮುಗಿಸಿ ಅಂಕೋಲೆಯ ಹೊರಗೆ ಒಂದು ಸಣ್ಣ ಪ್ರಯೋಗಶಾಲೆಯಲ್ಲಿ ಕೆಲಸಕ್ಕಿದ್ದಳು. ಲಕೋಟೆಯಲ್ಲಿ ಅಂಚೆಚೀಟಿಯಷ್ಟಗಲದ, ಮಿರಿಮಿರಿ ಹೊಳೆಯುವ ಹಸಿರು ಚೀಟಿಗಳಿದ್ದವು.

"ಮಾವಶಿ, ಇದ್ರಲ್ಲಿ ಬಣ್ಣ ಹಾಕಿದ್ದೇ ಇಲ್ಲ ನೋಡು."

"ಮತ್ತೆ ಹಸಿರು ಕಾಣುದು ಎಂತಕ್ಕೆ? ನನ್ನ ಕಣ್ಣೂ ಹೋಯ್ತೇ?" ಎಂದ ಹೀರಾ ಆ 'ಕಣ್ಣೂ' ಬಾಯಿ ತಪ್ಪಿ ಬಂತಲ್ಲ ಎಂದು ನಾಲಿಗೆ ಕಚ್ಚಿಕೊಂಡಳು. ಸ್ವಾತಿ ಅದನ್ನು ಗಮನಿಸಲಿಲ್ಲ.

"ಚಿಪ್ಪಿ ಒಳಗೆ ಹೊಳೀತದಲ್ಲ, ಅದ್ಕೆ ಯಾರು ಬಣ್ಣ ಹಚ್ಚಿದ್ರು? ಹಂಗೇ ಇದೂವ. ಕಣ್ಣಿಗೆ ಕಾಣದಷ್ಟು ಸಣ್ಣ ಗಾಜಿನ ಗುಂಡು ಸಾಲುಸಾಲಾಗಿ ಕೂತ್ಕಂಡದೆ. ಸಾಲಿನ ನಡುವೆ ಎಷ್ಟು ಜಾಗ ಅದೆಯೋ, ಅದ್ರ ಮೇಲೆ ಬಣ್ಣ."

ಆ ಗುಂಡುಗಳನ್ನು ಹಿಡಿದಿಟ್ಟಿದ್ದು ಜೆಲ್ಲಿಯಂಥ ಒಂದು ಪದಾರ್ಥ. ಮೀನು ಕೆಡಲು ಶುರುವಾದಾಗ ಅದರಿಂದೇಳುವ ಆವಿಗೆ ಜೆಲ್ಲಿ ಉಬ್ಬುತ್ತದೆ, ಸಾಲುಗಳು ದೂರ ಸರಿಯುತ್ತವೆ, ಹಸಿರು ಹಳದಿಗೆ ತಿರುಗಿ ಕೆಂಪಾಗುತ್ತದೆ. ಇಂಥದ್ದಕ್ಕೆ ಫೋಟಾನಿಕ್ ಕ್ರಿಸ್ಟಲ್ ಅನ್ನುತ್ತಾರಂತೆ. ಗಾಜಿನ ಜಾತಿಯದೂ ಜೆಲ್ಲಿಯ ಜಾತಿಯದೂ ಕೂಡಿದ್ದರಿಂದ ಹೈಬ್ರಿಡ್ ಅಂತೆ.

"ಹೈಬ್ರಿಡ್ ಅಂದ್ರೆ ತೆಂಗಿನ ಸಸಿ ಮಾತ್ರ ಅಂದ್ಕಂಡಿದ್ದೆ" ಎಂದಳು ಹೀರಾ.

ಸ್ವಾತಿ ಒಂದು ಮಾತನ್ನು ಒತ್ತಿ ಹೇಳಿದಳು. "ಚೀಟಿ ನೋಡ್ಕಂಡು ಮೀನು ಮಾರ್ಬೇಡ ಮತ್ತೆ. ಇದಿನ್ನೂ ಪರೀಕ್ಷೆಲಿ ಅದೆ. ದಿನಾ ಒಂದು ಮುಚ್ಚಳದ ಒಳಗೆ ಅಂಟಿಸು. ಮೊದ್ಲು ನೀನು ಮೂಸಿ ನೋಡು, ಆಮೇಲೆ ಚೀಟಿ ನೋಡು. ಎರಡೂ ಒಂದೇ ಹೇಳ್ತದಾ ಇಲ್ವಾ ನಂಗೆ ಹೇಳು, ಸಾಕು. ನಿನ್ನ ಮೂಗಿಗಿಂತ ದೊಡ್ಡ ಯಂತ್ರ ನಮ್ಮ ಹತ್ರ ಇಲ್ಲ."

ಆಗಲೇ ಹೇಳಿಬಿಡಬೇಕಿತ್ತು. ಹೀರಾ ಹೇಳಲಿಲ್ಲ. ಲಕೋಟೆಯನ್ನು ಎರಡೂ ಕೈಯಿಂದ ತೆಗೆದುಕೊಂಡಳು. ಹೋದ ಮೂಗನ್ನು ಯಾರೋ ಪೊಟ್ಟಣ ಕಟ್ಟಿ ತಂದುಕೊಟ್ಟಂತೆ ಆಗಿತ್ತು ಅವಳಿಗೆ.

ಚೀಟಿಗಳು ಒಂದು ದಿನವೂ ಕೆಂಪಾಗಲಿಲ್ಲ. ಸ್ವಾತಿ ಫೋನು ಮಾಡಿ ಕೇಳಿದಾಗಲೆಲ್ಲ ಹೀರಾ "ಮೂಗೂ ಅದೇ ಹೇಳ್ತು, ಚೀಟಿಯೂ ಅದೇ ಹೇಳ್ತು" ಅನ್ನುತ್ತಿದ್ದಳು. ಅಂಕೋಲೆಯಲ್ಲಿ ಪರೀಕ್ಷೆಗೆಂದು ಮೀನಿನ ಐಸ್ ಪೆಟ್ಟಿಗೆಗಳಲ್ಲಿಟ್ಟ ಚೀಟಿಗಳು ಆಗಾಗ ಬಣ್ಣ ಬದಲಿಸುತ್ತಿದ್ದವು. ಮಾವಶಿಯ ಬುಟ್ಟಿಯದು ಮಾತ್ರ ಹಸಿರಾಗಿಯೇ ಇರುವುದು ಸ್ವಾತಿಗೆ ವಿಚಿತ್ರವೆನಿಸಲಿಲ್ಲ, ಹೆಮ್ಮೆಯೆನಿಸಿತು. ಹೀರಾಳಿಗೂ ಧೈರ್ಯ ಬಂತು. ಬಸ್ಸಿನಲ್ಲಿ ನಿದ್ದೆ ಮಾಡುವಷ್ಟು ಧೈರ್ಯ.

ಏಪ್ರಿಲಿನ ಒಂದು ದಿನ ಕದ್ರಾದ ಈಚೆಗೆ ಬಸ್ಸು ಕೆಟ್ಟು ನಿಂತಿತು. ಇನ್ನೊಂದು ಬರುವ ತನಕ ಬುಟ್ಟಿ ರಸ್ತೆ ಬದಿಯಲ್ಲೇ ಇತ್ತು. ಹೀರಾ ಎಂದಿಗಿಂತ ಹೆಚ್ಚು ನೀರು ಚಿಮುಕಿಸಿದಳು. ಮಲ್ಲಾಪುರದಲ್ಲಿ ಇಳಿದಾಗ ಬಾಂಗಡೆ ಬೆರಳಿಗೆ ಚೂರು ಮೆತ್ತಗೆ ಸಿಕ್ಕಿತು. ಮುಚ್ಚಳ ತಿರುಗಿಸಿ ನೋಡಿದಳು. ಚೀಟಿ ಹಸಿರಿತ್ತು, ನೀಲಿ ಬೆರೆತಷ್ಟು ಹಸಿರು. ಬೆರಳನ್ನು ಬಿಟ್ಟು ಚೀಟಿಯನ್ನು ನಂಬಿದಳು. ಹೆಚ್ಚಿನ ಮನೆಯವರು ಕಾದು ಕಾದು ಬೇರೆ ಅಡಿಗೆ ಮಾಡಿಕೊಂಡಿದ್ದರು. ರಂಜನಾ ಟೀಚರ್ ಮಾತ್ರ ತೆಗೆದುಕೊಂಡರು.

ಮತ್ತೆ ಹೋದಾಗ ರಂಜನಾ ಟೀಚರ ಮಗಳು ಪ್ರೇಕ್ಷಾ ಸೋತ ಮುಖ ಮಾಡಿಕೊಂಡು ಹೊಸಿಲ ಮೇಲೆ ಕೂತಿದ್ದಳು. ಮೊನ್ನೆ ರಾತ್ರಿ ಊಟವಾದ ಮೇಲೆ ಮೈಯೆಲ್ಲ ಕೆಂಪಾಗಿ ತುರಿಕೆ ಎದ್ದು, ವಾಂತಿಯೂ ಆಗಿ, ಆಸ್ಪತ್ರೆಯಲ್ಲಿ ಸಲೈನ್ ಹಾಕಿಸಬೇಕಾಯಿತಂತೆ.

"ಎಂತ ತಿಂದಿದ್ಲು?" ಹೀರಾ ಕೇಳಿದಳು.

"ಸಂತೆಲಿ ಐಸ್‌ಕ್ಯಾಂಡಿ ತಿಂದಿದ್ಲು, ಅದೇ ಆಯ್ತು ಕಾಣ್ತದೆ" ಎಂದರು ರಂಜನಾ. "ನಿಜ ಹೇಳ್ಬೇಕಂದ್ರೆ ಹೀರಕ್ಕ, ಬಾಂಗಡೆ ತೊಳೀವಾಗ ನಂಗೆ ಸ್ವಲ್ಪ ವಾಸನೆ ಅನಿಸ್ತು. ಹೀರಕ್ಕನ ಮೀನು ಹಂಗೆ ಇರುದೇ ಇಲ್ಲ, ನನ್ನ ಮೂಗಿಗೇ ಎಂತದೋ ಆಗ್ಯದೆ ಅಂದ್ಕಂಡು ಹುಳಿ ಜಾಸ್ತಿ ಹಾಕಿ ಬೇಯ್ಸ್ದೆ."

ಹೀರಾ ಬುಟ್ಟಿ ಇಳಿಸಲೇ ಇಲ್ಲ. ಇವತ್ತು ಮೀನು ಚಲೋ ಇಲ್ಲ ಎಂದಷ್ಟೇ ಹೇಳಿ ತಿರುಗಿದಳು. ಅದೇ ಬುಟ್ಟಿಯೊಂದಿಗೆ ಕಾರವಾರಕ್ಕೆ ಬಂದು, ಅಲ್ಲಿಂದ ಅಂಕೋಲೆಯ ಬಸ್ಸು ಹತ್ತಿದಳು. ಪ್ರಯೋಗಶಾಲೆಯ ಬಾಗಿಲಲ್ಲಿ ನಿಂತು ಸ್ವಾತಿಗೆ ಎಲ್ಲವನ್ನೂ ಹೇಳಿದಳು. ಮೂಗಿನ ವಿಷಯ ಹೇಳುವಾಗ ಅತ್ತಳು.

ಸ್ವಾತಿ ಮೊದಲು ಬುಟ್ಟಿಯ ಕಡೆ ನೋಡಿದಳು. ಮುಚ್ಚಳದ ಒಳಗೆ ಉಪ್ಪು ಬೆಳ್ಳಗೆ ಗಟ್ಟಿಕಟ್ಟಿತ್ತು.

"ಇದೆಂತ ಮಾವಶಿ?"

"ಸಮುದ್ರದ ನೀರು. ದಾರಿಲಿ ಚಿಮುಕ್ಸುದು."

ಸ್ವಾತಿ ಕುರ್ಚಿಯಲ್ಲಿ ಕೂತಳು. ಐಸ್ ಕರಗಿದ ನೀರು ತಾಗಿದರೂ ಚೀಟಿ ಕೆಡದಂತೆ ಅವರು ನೋಡಿಕೊಂಡಿದ್ದರು. ಸಮುದ್ರದ ನೀರಿನ ಯೋಚನೆ ಯಾರಿಗೂ ಬಂದಿರಲಿಲ್ಲ. ಉಪ್ಪಿಗೆ ಹಾಕಿದ ಮಾವಿನ ಮಿಡಿಯ ಹಾಗೆ ಜೆಲ್ಲಿ ಸುಕ್ಕಿಹೋಗಿತ್ತು. ಮೀನಿನ ಆವಿ ಎಷ್ಟು ಉಬ್ಬಿಸಲು ನೋಡಿದರೂ ಉಪ್ಪು ಬಿಡುತ್ತಿರಲಿಲ್ಲ. ಸಾಲುಗಳು ದೂರ ಸರಿಯಲಿಲ್ಲ, ಹಸಿರು ಹಸಿರಾಗಿಯೇ ಉಳಿಯಿತು.

"ನಿನ್ನ ಮೂಗು ನಂಬ್ಕಂಡು ನಾವು ಚೀಟಿ ಪರೀಕ್ಷೆ ಮಾಡಿದ್ವು" ಎಂದಳು ಸ್ವಾತಿ. ಸಿಟ್ಟು ಅವಳ ದನಿಯಲ್ಲೇ ಇತ್ತು. "ನೀನು ಚೀಟಿ ನಂಬ್ಕಂಡು ಮೀನು ಮಾರ್ದೆ."

ಆಮೇಲೆ ಸ್ವಾತಿಯೇ ನೀರು ತಂದುಕೊಟ್ಟು, ಮಾದೇವ ಕಾಕಾನಿಗೂ ಇದು ಗೊತ್ತಿಲ್ಲವೇ ಎಂದು ಕೇಳಿ, ತಲೆ ಚಚ್ಚಿಕೊಂಡಳು.

ಐಸ್‌ಕ್ಯಾಂಡಿಯ ಮೇಲೆ ಹೊರಿಸಿ ಸುಮ್ಮನಿರಬಹುದಿತ್ತು. ಮಲ್ಲಾಪುರದಲ್ಲಿ ಒಬ್ಬರೂ ಅವಳ ಮೇಲೆ ಸಂಶಯಪಟ್ಟಿರಲಿಲ್ಲ. ಅದೇ ಅವಳಿಗೆ ನುಂಗಲಾರದ ತುತ್ತಾಯಿತು. ಮರುದಿನ ಹೀರಾ ಬುಟ್ಟಿಯಿಲ್ಲದೆ ಬರಿಗೈಯಲ್ಲಿ ರಂಜನಾ ಟೀಚರ ಮನೆಗೆ ಹೋದಳು.

"ಅವತ್ತು ನಿಮ್ಮ ಮೂಗಿಗೆ ಎಂತದೂ ಆಗಿರ್ಲಿಲ್ಲ ಟೀಚರೇ" ಎಂದಳು. "ಆಗಿದ್ದು ನನ್ನ ಮೂಗಿಗೆ. ಜ್ವರ ಬಂದಾಗಿಂದ ನಂಗೆ ಎಂತಾ ವಾಸನೆಯೂ ಬರುದಿಲ್ಲ. ಕೆಟ್ಟ ಮೀನು ಕೊಟ್ಟದ್ದು ನಾನು."

ರಂಜನಾ ಬೈದಿದ್ದರೆ ಹೀರಾಳಿಗೆ ಹಗುರಾಗುತ್ತಿತ್ತು. ಅವರು ಮಗಳನ್ನು ಒಳಗೆ ಕರೆದುಕೊಂಡು ಬಾಗಿಲು ಹಾಕಿದರು.

ಸುದ್ದಿ ಸಂಜೆಯೊಳಗೆ ಸಾಲುಮನೆಗಳಿಗೆಲ್ಲ ಮುಟ್ಟಿತು. ಎಷ್ಟೋ ಮನೆಗಳವರು ಬೇರೆ ಮೀನಿನವಳನ್ನು ಹಿಡಿದರು. ಅಂಕೋಲೆಯಲ್ಲಿ ಚೀಟಿಗೆ ತೆಳ್ಳನೆಯ ಹೊಸ ಹೊದಿಕೆ ಬಂತು, ಗಾಳಿಯನ್ನು ಒಳಬಿಟ್ಟು ಉಪ್ಪುನೀರನ್ನು ತಡೆಯುವಂಥದ್ದು. ಅದರ ಪರೀಕ್ಷೆಗೆ ಸ್ವಾತಿ ಬೇರೆ ಮೂಗುಗಳನ್ನು ಹುಡುಕಿಕೊಂಡಳು. ಸಮುದ್ರದ ನೀರು ಚಿಮುಕಿಸಲು ಮಾತ್ರ ಮಾವಶಿಯ ಬುಟ್ಟಿಯೇ ಬೇಕೆಂದಳು.

ಮಳೆಗಾಲಕ್ಕೆ ಮೊದಲು ಒಂದು ಬೆಳಿಗ್ಗೆ ಹೀರಾ ಆ ಬೀದಿಯಲ್ಲಿ ಕೂಗುತ್ತ ಹೋಗುತ್ತಿದ್ದಾಗ ರಂಜನಾ ಟೀಚರ ಬಾಗಿಲು ತೆರೆಯಿತು. ಅವರು ಬಂದು ಬುಟ್ಟಿಯ ಮುಂದೆ ಕುಕ್ಕರುಗಾಲಲ್ಲಿ ಕೂತರು. ಒಂದು ಬಾಂಗಡೆಗೆ ಕೈ ಹಾಕಿ, ಹಳೆಯ ರೂಢಿಯಂತೆ ಹೀರಾಳ ಮುಖ ನೋಡಿ, ಅಲ್ಲೇ ತಡೆದರು.

ಹೀರಾ ತಾನೇ ಆ ಬಾಂಗಡೆಯನ್ನು ಎತ್ತಿ ಅವರ ಮೂಗಿನ ಹತ್ತಿರ ಹಿಡಿದಳು. ಅವರ ಮುಖವನ್ನೇ ನೋಡಿದಳು.

"ಚಲೋ ಅದೆ" ಎಂದರು ರಂಜನಾ.

ಹೀರಾ ಅದನ್ನು ಅವರ ಪಾತ್ರೆಗೆ ಹಾಕಿ ಇನ್ನೊಂದನ್ನು ಎತ್ತಿದಳು. "ಇದನ್ನೂ ಮೂಸಿ ಟೀಚರೇ" ಎಂದಳು.