ಹಿರೋಕಿ ಕೇಳಿದ ಸಲಹೆ

ಕಳೆದ ಭಾನುವಾರ ಮೆಟುಚೆನ್ನಿನ ನಮ್ಮ ಮನೆಯಲ್ಲಿ ಮಗಳು ಯಾವುದೋ ಜಪಾನೀ ಸಿನಿಮಾ ನೋಡುತ್ತಿದ್ದಳು. ಕೊನೆಗೆ ಸರಿದುಹೋಗುವ ಹೆಸರುಗಳಲ್ಲಿ, ಸಂಗೀತ ಎಂಬುದರ ಎದುರು ನನ್ನ ಹಳೆಯ ಸಹೋದ್ಯೋಗಿ ಹಿರೋಕಿಯ ಹೆಸರು ಕಂಡಿತು. ನಾನು ಎದ್ದು ಅಡುಗೆಮನೆಗೆ ಹೋಗಿ, ಬಾಯಾರಿಕೆಯಿಲ್ಲದಿದ್ದರೂ ನೀರು ಕುಡಿದೆ.

“ಅವರ ಹೆಸರು ಬಂದಾಗೆಲ್ಲ ಯಾಕ್ರೀ ಇಷ್ಟು ಅಪ್‌ಸೆಟ್ ಆಗ್ತೀರ?” ಎಂದಳು ಹೆಂಡತಿ.

ಹೊಟ್ಟೆಕಿಚ್ಚು, ಮತ್ತಿನ್ನೇನು. ನಿಮ್ಮ ಹತ್ತಿರ ಮುಚ್ಚಿಡುವುದೇನಿದೆ?

ಇಸವಿ ಎರಡು ಸಾವಿರ ಬಂದೊಡನೆ ಕಂಪ್ಯೂಟರುಗಳೆಲ್ಲ ಕೆಟ್ಟು ನಿಲ್ಲುತ್ತವೆಂದು ಲೋಕ ಹೆದರಿದ್ದ ಕಾಲ. ಹೋಬೋಕನ್ನಿನ ಒಂದು ಆಫೀಸಿನಲ್ಲಿ ನಾನೂ ಹಿರೋಕಿಯೂ ಅಕ್ಕಪಕ್ಕ ಕೂತು ಹಳೆಯ ಪ್ರೋಗ್ರಾಮುಗಳ ತಾರೀಖು ತಿದ್ದುತ್ತಿದ್ದೆವು. ಮೈಸೂರಿನಲ್ಲಿ ಹನ್ನೊಂದು ವರ್ಷ ಪಿಟೀಲು ಕಲಿತ ನಾನು, ಆ ಆಫೀಸಿಗೆಲ್ಲ ಸಂಗೀತಗಾರ ನಾನೊಬ್ಬನೇ ಎಂದುಕೊಂಡಿದ್ದೆ. ವರ್ಷಕ್ಕೊಮ್ಮೆ ಇಲ್ಲಿನ ಕನ್ನಡ ಸಂಘದ ಯುಗಾದಿಗೆ ನುಡಿಸಿ ಆಂಟಿಯರಿಂದ ಹೊಗಳಿಸಿಕೊಳ್ಳುತ್ತಿದ್ದೆನಲ್ಲ, ಅದೇ ಆಧಾರ. ಹಿರೋಕಿ ಮಾತ್ರ ಊಟದ ಹೊತ್ತಿನಲ್ಲಿ ಫೆರಿ ದೋಣಿಗಳ ನಿಲ್ದಾಣದ ಬೆಂಚಿನ ಮೇಲೆ ಕೂತು, ಯಾರಿಗೂ ಹೇಳದೆ, ಗೆಳೆಯರ ಕಿರುಚಿತ್ರಗಳಿಗೆ ಸಂಗೀತ ಬರೆಯುತ್ತಿದ್ದ.

ಒಂದು ಮಧ್ಯಾಹ್ನ ಅಲ್ಲಿಗೆ ನನ್ನನ್ನೂ ಕರೆದುಕೊಂಡು ಹೋಗಿ ಹೆಡ್‌ಫೋನ್ ಕೊಟ್ಟ. ಟೋಕಿಯೊದ ನಿರ್ದೇಶಕರೊಬ್ಬರು ಮಾದರಿ ಕೇಳಿದ್ದಾರೆ, ನಿನ್ನ ಕಿವಿ ಒಳ್ಳೆಯದು, ಎರಡರಲ್ಲಿ ಯಾವುದನ್ನು ಕಳಿಸಲಿ ಹೇಳು ಎಂದ. ಮೊದಲನೆಯದು ಚೊಕ್ಕವಾಗಿತ್ತು, ಅಷ್ಟೆ. ಎರಡನೆಯದರಲ್ಲಿ ಪಿಯಾನೊ ನಾಲ್ಕೇ ಸ್ವರ ನುಡಿದು ಸುಮ್ಮನಾಗುತ್ತಿತ್ತು. ಮತ್ತೆ ನಾಲ್ಕು, ಮತ್ತೆ ಮೌನ. ನನ್ನ ಕೈಯಲ್ಲಿದ್ದ ತುತ್ತು ಬಾಯಿಗೆ ಹೋಗದೆ ಅಲ್ಲೇ ನಿಂತಿತು. ಹನ್ನೊಂದು ವರ್ಷ ಕಮಾನು ಎಳೆದರೂ ನಾನು ಯಾರ ತುತ್ತನ್ನೂ ಹಾಗೆ ನಿಲ್ಲಿಸಿರಲಿಲ್ಲ.

“ಮೊದಲನೆಯದನ್ನೇ ಕಳಿಸು,” ಎಂದೆ.

ಕಳಿಸಿದ. ನಿರ್ದೇಶಕರಿಗೆ ಅದು ಹಿಡಿಸಲಿಲ್ಲ. ಇನ್ನೆರಡು ವರ್ಷ ಅವನು ನನ್ನ ಪಕ್ಕದಲ್ಲೇ ಕೂತು ಕೋಡ್ ಬರೆದ. ನಾನು ದಿನಾ ಬೆಳಿಗ್ಗೆ ಅವನಿಗೆ ಕಾಫಿ ತಂದುಕೊಟ್ಟು ಸಮಾಧಾನ ಹೇಳುತ್ತಿದ್ದೆ. ಹೇಳಲು ನಾಚಿಕೆಯಾಗುತ್ತದೆ, ಆ ಎರಡು ವರ್ಷ ನಾನು ನೆಮ್ಮದಿಯಾಗಿದ್ದೆ. ಆಮೇಲೆ ಲೇಆಫ್ ಬಂತು, ಕೆಲಸ ಹೋಗಿ ಅವನು ಜಪಾನಿಗೆ ಮರಳಿದ. ಅಲ್ಲಿ ಮೊದಲು ಒಂದು ಸಣ್ಣ ಸಿನಿಮಾ, ಆಮೇಲೆ ದೊಡ್ಡವು, ಪ್ರಶಸ್ತಿಗಳು.

ಆ ಭಾನುವಾರವೇ ಇದನ್ನೆಲ್ಲ ಮೊದಲ ಸಲ ಹೆಂಡತಿಗೆ ಹೇಳಿದೆ. “ನಂಗ್ಯಾಕೆ ಹೇಳ್ತೀರ? ಅವರಿಗೆ ಮೇಲ್ ಮಾಡಿ,” ಎಂದಳು.

ಮಾಡಿದೆ. ಎರಡು ದಿನಕ್ಕೆ ಉತ್ತರ ಬಂತು. ತನಗದು ಆಗಲೇ ಗೊತ್ತಿತ್ತು ಎಂದು ಬರೆದಿದ್ದ. “ಕಳಿಸಿದ ಮೇಲೆ ಒಂದು ವಾರ ನೀನು ಕೆಲಸ ಮಾಡುತ್ತ ಎರಡನೆಯದನ್ನೇ ಗುನುಗುತ್ತಿದ್ದೆ, ನಿನಗೇ ತಿಳಿಯದೆ. ಅಂದಿನಿಂದ ನಾನು ಯಾರ ಅಭಿಪ್ರಾಯವನ್ನೂ ಕೇಳುವುದಿಲ್ಲ. ಏನು ಗುನುಗುತ್ತಾರೆಂದು ಕಾಯುತ್ತೇನೆ.”

ಹೊಟ್ಟೆಕಿಚ್ಚು ಹೋಯಿತೆಂದು ಹೇಳಿದರೆ ನೀವು ನಂಬಬೇಡಿ. ಗೊತ್ತಿದ್ದೂ ಎರಡು ವರ್ಷ ನಾನು ತಂದ ಕಾಫಿಯನ್ನು ಥ್ಯಾಂಕ್ಸ್ ಹೇಳಿ ಕುಡಿದನಲ್ಲ, ಈಗ ಅವನ ಸಂಗೀತಕ್ಕಿಂತ ಆ ತಾಳ್ಮೆಯ ಮೇಲೆಯೇ ನನಗೆ ಹೆಚ್ಚು ಹೊಟ್ಟೆಕಿಚ್ಚು.