ಗುಳಿಗೆಯ ದಾಖಲೆಯ ಹೆಸರು

ರೈಲು ಕಾಯಂಕುಳಂ ಬಿಟ್ಟಾಗ ತಮ್ಮನ ಮೂರನೆಯ ಫೋನ್ ಬಂತು. ಮೊದಲೆರಡು ಸಲ ಅಪ್ಪನ ಕಾಲಿನ ಬಾವು ಎಲ್ಲಿಯವರೆಗೆ ಏರಿದೆ ಎಂದು ಹೇಳಿದ್ದ. ಮುಂಜಾನೆ ಮೀನಖಂಡದವರೆಗೆ, ಆಮೇಲೆ ಮೊಣಕಾಲಿನವರೆಗೆ. ಈ ಸಲ ಕಾಲಿನ ಮಾತೇ ತೆಗೆಯಲಿಲ್ಲ.

"ಅಕ್ಕಾ, ನೀ ಬರದ ಕಾರ್ಡ್ ತೋರಿಸಿದೆ. ಇದು ಯಾವ ಔಷಧಿ ಅಂತ ಕೇಳಾಕತ್ತಾರ."

"ಕಾರ್ಡಿನ್ಯಾಗ ಬರದೈತಲ್ಲೋ. ದೊಡ್ಡ ಅಕ್ಷರದಾಗ ಬರದೀನಿ."

"ಅದು ಕಂಪನಿ ಇಟ್ಟ ಹೆಸರಂತ. ಒಳಗ ಏನಿತ್ತು ಅಂತ ಕೇಳ್ತಾರ."

ಒಳಗೆ ಏನಿತ್ತು ಎಂದು ನನಗೆ ಗೊತ್ತಿರಲಿಲ್ಲ. ಹನ್ನೊಂದು ವರ್ಷಗಳಲ್ಲಿ ಒಮ್ಮೆಯೂ ಆ ಪ್ರಶ್ನೆ ನನಗೆ ಹೊಳೆದಿರಲಿಲ್ಲ.

ಅಪ್ಪ ಗದಗ ಕಡೆಯ ಗೌಂಡಿ, ಗಾರೆ ಕೆಲಸದವನು. ಸಹಿ ಮಾಡುವಷ್ಟು ಅಕ್ಷರ ಮಾತ್ರ ಬರುತ್ತದೆ. ತಿರುವನಂತಪುರದಲ್ಲಿ ಕೇಂದ್ರ ಸರ್ಕಾರದ ಕಚೇರಿಯೊಂದರಲ್ಲಿ ಕೆಲಸಕ್ಕಿರುವ ತಮ್ಮನ ಮನೆಗೆ ಹದಿನೈದು ದಿನ ಇದ್ದು ಹೋಗಲೆಂದು ಬಂದಿದ್ದ. ಬಂದ ನಾಲ್ಕನೇ ದಿನ, ಯಾರೂ ಹೇಳದೆ ಕೇಳದೆ, ಬಾಡಿಗೆ ಮನೆಯ ಬಚ್ಚಲಿನ ಸಡಿಲಾದ ಟೈಲ್ಸ್ ಎಬ್ಬಿಸಿ ಮತ್ತೆ ಕೂರಿಸಲು ಹೋಗಿ ಪಾದ ಕೊಯ್ದುಕೊಂಡ. ಗಾಯಕ್ಕೆ ಅರಿಶಿನ ಒತ್ತಿ ಸುಮ್ಮನಿದ್ದ. ಜ್ವರ ಬಂದು ನಡುಗಲು ಶುರುವಾದ ಮೇಲೆ ತಮ್ಮನಿಗೆ ತಿಳಿಯಿತು. ಆ ಭಾನುವಾರ ಮುಂಜಾನೆ ಉಳ್ಳೂರಿನ ಹತ್ತಿರದ ಒಂದು ಆಸ್ಪತ್ರೆಗೆ ಸೇರಿಸಿದ. ನಾನು ಬ್ಯಾಂಕ್ ಕೆಲಸಕ್ಕಿರುವ ಮಟ್ಟಾಂಚೇರಿಯಿಂದ ಬೋಟು ಹಿಡಿದು ಎರ್ನಾಕುಳಂಗೆ ಬಂದು, ಸಿಕ್ಕ ರೈಲು ಹತ್ತಿದ್ದೆ.

ಆ ಕಾರ್ಡಿನ ಕಥೆ ಹೇಳಬೇಕು. ನಾನು ಬಿ.ಕಾಂ. ಕೊನೆಯ ವರ್ಷದಲ್ಲಿದ್ದಾಗ ಅಪ್ಪನ ಕೈಗೆ ತಗಡು ಚುಚ್ಚಿ ಕೀವಾಗಿತ್ತು. ನಮ್ಮೂರ ಡಾಕ್ಟರು ಗುಳಿಗೆ ಬರೆದುಕೊಟ್ಟರು. ಒಂದೇ ಗುಳಿಗೆ ನುಂಗಿ ಅರ್ಧ ತಾಸಾಗಿರಲಿಲ್ಲ, ಅಪ್ಪನ ತುಟಿ ಊದಿ, ಮೈಯೆಲ್ಲ ದದ್ದು ಎದ್ದು, ಗಂಟಲು ಕಟ್ಟಿ, ಉಸಿರು ಸೀಟಿಯ ಹಾಗೆ ಬರತೊಡಗಿತು. ಟಂಟಂ ಆಟೋದಲ್ಲಿ ಹಾಕಿಕೊಂಡು ಹೋದೆವು. ಡಾಕ್ಟರು ಇಂಜೆಕ್ಷನ್ ಚುಚ್ಚಿ ಉಳಿಸಿದರು. "ಇನ್ನ ಜೀವ ಇರೂತನಕ ಈ ಗುಳಿಗಿ ಮುಟ್ಟಬ್ಯಾಡ. ಎಲ್ಲೇ ಹೋಗು, ಮೊದಲು ಇದನ್ನ ಹೇಳು" ಅಂದರು. ಹೇಳುವುದು ಹೇಗೆ, ಹೆಸರು ಅಪ್ಪನ ನಾಲಿಗೆಗೆ ಹತ್ತುತ್ತಿರಲಿಲ್ಲ. ಮನೆಯಲ್ಲಿ ಇಂಗ್ಲಿಷ್ ಬಲ್ಲವಳು ನಾನೊಬ್ಬಳೇ. ಗುಳಿಗೆಗಳಿದ್ದ ಬೇಗಡೆಯ ಪಟ್ಟಿ ನೋಡಿ, ದಪ್ಪ ಅಕ್ಷರದಲ್ಲಿದ್ದ ಹೆಸರನ್ನು ಬಿಳಿ ಕಾರ್ಡಿನ ಮೇಲೆ ನನ್ನ ಅತಿ ಚೆಂದದ ಕೈಬರಹದಲ್ಲಿ ಬರೆದೆ. ಈ ವ್ಯಕ್ತಿಗೆ ಈ ಔಷಧಿ ಕೊಡಬಾರದು ಎಂದು ಇಂಗ್ಲಿಷಿನಲ್ಲಿ ಎರಡು ಸಾಲು. ಕೆಳಗೆ ನನ್ನ ಸಹಿ.

ಲ್ಯಾಮಿನೇಷನ್ ಮಾಡಿಸಲು ಹೋದಾಗ ಅಪ್ಪ ಆ ಪಟ್ಟಿಯಿಂದ ಹರಿದ ಒಂದು ಬೇಗಡೆ ಚೂರನ್ನು ತಂದುಕೊಟ್ಟು, ಇದನ್ನೂ ಒಳಗಿಡು ಅಂದ. ಓದಲು ಬಾರದವರಿಗೂ ಗುರುತು ಹತ್ತಲಿ ಎಂಬುದು ಅವನ ಲೆಕ್ಕ. ನನಗೆ ನಾಚಿಕೆಯಾಯಿತು. ಪದವಿ ಮುಗಿಸುತ್ತಿರುವ ಹುಡುಗಿ ಬರೆದ ಕಾರ್ಡಿಗೆ ಗುಳಿಗೆಯ ಬೇಗಡೆ ಅಂಟಿಸುವುದೇ? ಅಪ್ಪನ ಮಾತು ಮೀರಲಾರದೆ ಅದನ್ನು ಕಾರ್ಡಿನ ಹಿಂಬದಿಗೆ ಗೋಂದಿನಿಂದ ಅಂಟಿಸಿದೆ. ಯಾರಿಗೂ ಕಾಣದಿರಲಿ ಎಂದು ಮೇಲೊಂದು ಬಿಳಿ ಕಾಗದ ಮುಚ್ಚಿ, ಅದರ ಮೇಲೆ ಅಪ್ಪನ ಹೆಸರು, ರಕ್ತದ ಗುಂಪು ಬರೆದು ಪ್ಲಾಸ್ಟಿಕ್ ಹೊದಿಸಿಬಿಟ್ಟೆ.

ಅಂದಿನಿಂದ ಅದು ಅಪ್ಪನ ಅಂಗಿಯ ಜೇಬು ಬಿಟ್ಟಿಲ್ಲ. ಅಂಗಿ ಬದಲಿಸಿದರೆ, ಗಾರೆ ಬಳಿಯುವ ಥಾಪಿ ಕೈಗೆತ್ತಿಕೊಳ್ಳುವ ಮೊದಲು ಕಾರ್ಡು ಹೊಸ ಜೇಬಿಗೆ ಹೋಗಬೇಕು. ಬಸ್ಸಿನಲ್ಲಿ ಪಕ್ಕದಲ್ಲಿ ಕೂತವರಿಗೂ ತೋರಿಸುತ್ತಿದ್ದ. "ಓದ್ರಿ, ನನ್ನ ಮಗಳು ಬರದಾಳ." ನಾನು ಕೆಲಸ ಹಿಡಿದ ಮೇಲೂ ನನ್ನ ಡಿಗ್ರಿ ಸರ್ಟಿಫಿಕೇಟನ್ನು ಅವನು ಯಾರಿಗೂ ತೋರಿಸಿದ್ದಿಲ್ಲ. ಕಾರ್ಡನ್ನೇ ತೋರಿಸುತ್ತಿದ್ದ.

ಅತ್ತ ಆಸ್ಪತ್ರೆಯಲ್ಲಿ ಫೋನನ್ನು ತಮ್ಮನಿಂದ ನರ್ಸ್ ಇಸಿದುಕೊಂಡರು. ಬ್ಯಾಂಕಿನ ಕೌಂಟರಿನಲ್ಲಿ ಕಲಿತ ಮಲಯಾಳಂ ನನಗೆ ಸಾಕಾಗುತ್ತದೆ. ಅವರಿಗೆ ನಾನು ಚೇಚಿ, ಅಂದರೆ ಅಕ್ಕ; ಅಪ್ಪ ಅಪ್ಪೂಪ್ಪ, ಅಂದರೆ ಅಜ್ಜ.

"ಚೇಚಿ, ಈ ಹೆಸರಿನ ಮಾತ್ರೆ ಇಲ್ಲಿ ನಾವು ಯಾರೂ ನೋಡಿಲ್ಲ. ಅಪ್ಪೂಪ್ಪನಿಗೆ ಆಂಟಿಬಯಾಟಿಕ್ ಬರೆದಿದ್ದಾರೆ, ಪೆನಿಸಿಲಿನ್ ಕುಟುಂಬದ್ದು. ನಾನು ಇಂಜೆಕ್ಷನ್ ತಟ್ಟೆ ಹಿಡಿದುಕೊಂಡು ನಿಂತಿದ್ದೇನೆ. ಇದೂ ಅದೇ ಆಗಿದ್ದರೆ?"

"ಬೇರೆ ಯಾವುದಾದರೂ ಕೊಡಿ."

"ಬೇರೆ ಯಾವುದು? ಆ ಬೇರೆಯದೇ ನಿಮ್ಮ ಕಾರ್ಡಿನದ್ದಾಗಿದ್ದರೆ? ಡಾಕ್ಟರ್ ಅರ್ಧ ಗಂಟೆ ಕೊಟ್ಟಿದ್ದಾರೆ. ಅದಕ್ಕಿಂತ ಹೆಚ್ಚು ಕಾಯುವ ಕಾಲು ಅಲ್ಲ ಇದು."

ಬೋಗಿಯ ಬಾಗಿಲ ಬಳಿ ಬಂದು ನಿಂತೆ. ಗುಳಿಗೆ ಬರೆದುಕೊಟ್ಟ ಡಾಕ್ಟರು ತೀರಿಕೊಂಡು ವರ್ಷಗಳಾಗಿದ್ದವು. ಆ ಗುಳಿಗೆ ಕೊಂಡಿದ್ದ ನಮ್ಮೂರ ಔಷಧಿ ಅಂಗಡಿಯವರಿಗೆ ಫೋನ್ ಹಚ್ಚಿದೆ. ಭಾನುವಾರ, ಊಟಕ್ಕೆ ಕೂತಿದ್ದರು.

"ಅದು ಬರೂದು ನಿಂತು ಕಾಲ ಆತಲ್ಲವ್ವ."

"ಒಳಗ ಏನಿತ್ರಿ ಅದರಾಗ?"

"ಆ ಹೆಸರಿನ್ಯಾಗ ಎರಡು ನಮೂನಿ ಬರ್ತಿದ್ವು. ಎರಡೂ ಕೀವಿನ ಗುಳಿಗೀನ, ಒಳಗಿನ ಮಾಲು ಬ್ಯಾರೆ ಬ್ಯಾರೆ. ನಿಮ್ಮಪ್ಪಗ ಯಾವುದು ಕೊಟ್ಟಿದ್ದೆನೋ ಈಗ ಹೆಂಗ ಹೇಳ್ಲಿ? ಪಟ್ಟಿ ಐತೇನು?"

ಬ್ಯಾಂಕಿನಲ್ಲಿ ದಿನಕ್ಕೆ ಹತ್ತು ಅರ್ಜಿಯನ್ನಾದರೂ ನಾನು ವಾಪಸ್ ಕೊಡುತ್ತೇನೆ. ಇಲ್ಲಿಯ ಜನಕ್ಕೆ ಮನೆಯಲ್ಲಿ ಕರೆಯುವ ಹೆಸರೊಂದು, ದಾಖಲೆಯಲ್ಲಿ ಇನ್ನೊಂದು. ಮರೆತು ಮನೆಯ ಹೆಸರನ್ನೇ ಅರ್ಜಿಯಲ್ಲಿ ಬರೆದುಬಿಡುತ್ತಾರೆ. "ಇದು ಕರೆಯುವ ಹೆಸರು, ದಾಖಲೆಯಲ್ಲಿ ಇರುವುದನ್ನು ಬರೆಯಿರಿ" ಎಂದು ಬೆರಳು ತೋರಿಸಿ, ಮುಖ ನೋಡದೆ ಹೇಳುವವಳು ನಾನು. ಅಪ್ಪನ ಜೀವ ಕಾಯಬೇಕಿದ್ದ ಕಾರ್ಡಿನಲ್ಲಿ ನಾನೇ ಗುಳಿಗೆಯ ಕರೆಯುವ ಹೆಸರು ಬರೆದು, ಕೆಳಗೆ ಸಹಿ ಮಾಡಿ ಕೊಟ್ಟಿದ್ದೆ.

ಪಟ್ಟಿ ಐತೇನು. ಬೇಗಡೆ ಚೂರು ಆಗ ನೆನಪಾಯಿತು.

ತಮ್ಮನಿಗೆ ಹೇಳಿದೆ: "ಕಾರ್ಡ್ ಕತ್ತರಿಸು. ಹಿಂದಿನ ಕಾಗದ ಕಿತ್ತು ನೋಡು. ಕೆಳಗ ಪಟ್ಟಿ ಐತಿ, ಅದರಾಗ ಸಣ್ಣ ಅಕ್ಷರದಾಗ ಏನರ ಬರದಿರ್ತದ."

ಲೈನ್ ಕಡಿಯಿತು. ಒಂದು ಸಣ್ಣ ನಿಲ್ದಾಣ ಬಂತು, ಹೋಯಿತು. ಎರಡು ಸಲ ನಾನು ಹಚ್ಚಿದೆ, ಹೋಗಲಿಲ್ಲ. ಬಾಗಿಲಾಚೆ ತೆಂಗಿನ ತೋಟ, ಹಿನ್ನೀರು, ಮತ್ತೆ ತೆಂಗು. ಫೋನಿನ ಗಡಿಯಾರ ನೋಡುತ್ತ ನಿಂತೆ. ನರ್ಸ್ ಕೊಟ್ಟ ಅರ್ಧ ಗಂಟೆಯಲ್ಲಿ ಹತ್ತು ನಿಮಿಷ ಉಳಿದಿದ್ದಾಗ ತಮ್ಮನೇ ಸಿಕ್ಕ.

"ಅಪ್ಪ ಕಾರ್ಡ್ ಕೊಡವಲ್ಲ."

"ಕೊಡವಲ್ಲ ಅಂದ್ರ?"

"ಮುಷ್ಟ್ಯಾಗ ಹಿಡಕೊಂಡಾನ. ಕತ್ರಿ ನೋಡಿದ ಕೂಡ್ಲೆ ಎದಿಗೆ ಅವಚಿಕೊಂಡ. ಜ್ವರದಾಗ ಏನೇನೋ ಬೈಯಾಕತ್ತಾನ. ಸಿಸ್ಟರ್ ಕಡೆಯಿಂದ್ಲೂ ಆಗ್ಲಿಲ್ಲ."

"ಫೋನ್ ಅವನ ಕಿವಿಗೆ ಹಿಡಿ."

ಮೊದಲು ಉಸಿರು ಕೇಳಿಸಿತು. ಆಮೇಲೆ ಅಪ್ಪನ ಒಣಗಿದ ದನಿ.

"ನಿನ್ನ ತಮ್ಮಗ ಹೇಳವಾ. ನೀ ಬರದದ್ದನ್ನ ಹರೀತೀನಿ ಅಂತಾನ."

"ನಾನ ಹೇಳೀನಪಾ. ಕೊಡು ಅವಗ."

"ಯಾಕ? ಇಷ್ಟು ವರ್ಷ ಇದನ್ನ ತೋರಿಸೇನ ಬದುಕೀನಿ."

ಇಷ್ಟು ವರ್ಷ ಯಾವ ಡಾಕ್ಟರೂ ಅದನ್ನು ನಿಜವಾಗಿ ಓದುವ ಪ್ರಸಂಗ ಬಂದಿರಲಿಲ್ಲ, ಅಷ್ಟೇ. ಅದನ್ನು ಜ್ವರದ ಮನುಷ್ಯನಿಗೆ ಹೇಳಲಿಲ್ಲ.

"ಅಪ್ಪಾ, ಕೇಳಿಲ್ಲಿ. ನಾ ಬರದದ್ದು ತಪ್ಪೈತಿ."



"ಇಂಗ್ಲಿಷ್ ಬರತಿತ್ತಲ್ಲ ನಿನಗ" ಅಂದ ಅಪ್ಪ. ಬೈಗುಳವಾಗಿರಲಿಲ್ಲ. ನಿಜವಾಗಿಯೇ ಕೇಳಿದ.

"ಬರತಿತ್ತಪಾ. ಓದೂದು ಸಾಲಲಿಲ್ಲ. ದೊಡ್ಡ ಅಕ್ಷರ ಅಷ್ಟ ನೋಡಿ ಬರದೆ. ನೀ ಒಂದು ಬೇಗಡಿ ಚೂರು ಒಳಗಿಡು ಅಂದಿದ್ದಿಲ್ಲ? ಅದು ಖರೇ. ಅದನ್ನ ನಾ ಮುಚ್ಚಿಟ್ಟೀನಿ, ನಾಚಿಕಿ ಆಗಿ. ಈಗ ಅದು ಬೇಕು."

ಕಾಲೇಜು ಕಟ್ಟೆ ಹತ್ತಿದ ದಿನದಿಂದ ಅಪ್ಪನ ಮುಂದೆ ನನಗೆ ಗೊತ್ತಿಲ್ಲ ಎಂದು ಹೇಳಿದವಳಲ್ಲ ನಾನು. ರೇಷನ್ ಕಾರ್ಡಿನಿಂದ ಹಿಡಿದು ತಮ್ಮನ ನೌಕರಿಯ ಅರ್ಜಿಯವರೆಗೆ ಮನೆಯ ಕಾಗದಗಳಿಗೆಲ್ಲ ನನ್ನದೇ ಕೊನೆಯ ಮಾತಾಗಿತ್ತು.

"ತಗೋ" ಎಂದ ಅಪ್ಪ, ನನಗಲ್ಲ, ತಮ್ಮನಿಗೆ. "ಸಾವಕಾಶ ಕತ್ತರಿಸಲೇ. ಸಹಿ ಉಳೀಲಿ."

ಪ್ಲಾಸ್ಟಿಕ್ ಕತ್ತರಿಸುವ ಸದ್ದು ಫೋನಿನಲ್ಲಿ ಕೇಳುತ್ತಿತ್ತು. ಆಮೇಲೆ ತಮ್ಮನ ಗೊಣಗು. ಗೋಂದು ಗಟ್ಟಿ ಹಿಡಿದಿದೆ, ಕಾಗದದ ಜೊತೆ ಬಣ್ಣವೂ ಎದ್ದು ಬರುತ್ತಿದೆ. ನರ್ಸ್ ಸ್ಪಿರಿಟ್ ಹತ್ತಿ ಕೊಟ್ಟರು.

"ಇಲ್ಲಿ ಬರೇ ತಾರೀಖು ಐತಿ ಅಕ್ಕಾ. ಬ್ಯಾಚ್ ನಂಬರು. ಕೆಳಗ ಹರದೈತಿ."

"ಹೊಳ್ಳಿಸಿ ನೋಡು. ಪಟ್ಟಿ ಮ್ಯಾಲೆ ಒಂದ ಸಾಲು ಮತ್ತ ಮತ್ತ ಅಚ್ಚ ಹಾಕಿರ್ತಾರ. ಅಂಚಿನ್ಯಾಗ ನೋಡು."

"ತಡಿ. ತಡಿ. ಸಿಸ್ಟರ್, ಇದು ನೋಡ್ರಿ."

ಓದಿದ್ದು ನರ್ಸ್. ತಮ್ಮನ ನಾಲಿಗೆ ಹೊರಳಲಿಲ್ಲ. ಅಮಾಕ್ಸಿಸಿಲಿನ್, ಜೊತೆಗೆ ಪೊಟ್ಯಾಸಿಯಂ ಕ್ಲಾವುಲನೇಟ್. ಓದಿ ಮುಗಿಸುವ ಮೊದಲೇ ಸ್ಟೀಲಿನ ತಟ್ಟೆಯನ್ನು ಎಲ್ಲೋ ಇಟ್ಟ ಸದ್ದು ಕೇಳಿತು. "ಡಾಕ್ಟರೇ" ಎಂದು ಕರೆಯುತ್ತ ಅವರು ನಡೆದ ಚಪ್ಪಲಿಯ ಸದ್ದು.

ತಿರುವನಂತಪುರದ ತಂಪಾನೂರು ನಿಲ್ದಾಣದಲ್ಲಿ ಇಳಿದು ಆಟೋ ಹಿಡಿದು ಹೋಗುವಷ್ಟರಲ್ಲಿ ಅಪ್ಪನ ಕೈಗೆ ಬೇರೆ ಔಷಧಿಯ ಬಾಟಲಿ ಏರಿತ್ತು. ಡಾಕ್ಟರು ನನಗಿಂತ ಚಿಕ್ಕ ವಯಸ್ಸಿನ ಹೆಣ್ಣುಮಗಳು. ಬೇಗಡೆ ಚೂರನ್ನು ಅಂಗೈಯಲ್ಲಿಟ್ಟುಕೊಂಡು ವಿವರಿಸಿದರು. ಕಂಪನಿಗಳು ಮನಸ್ಸಿಗೆ ಬಂದ ಹೆಸರಿಡುತ್ತವೆ, ಬದಲಿಸುತ್ತವೆ, ಒಂದೇ ಹೆಸರಿನಡಿ ಬೇರೆ ಬೇರೆ ಸರಕನ್ನೂ ಮಾರುತ್ತವೆ. ಈ ಸಣ್ಣಕ್ಷರದ ಹೆಸರು ಮಾತ್ರ ಯಾವ ಊರಿಗೆ ಹೋದರೂ ಇದೇ. ಇದರಲ್ಲಿ ಅಮಾಕ್ಸಿಸಿಲಿನ್ ಎಂಬುದು ಪೆನಿಸಿಲಿನ್ ಕುಟುಂಬದ್ದು, ಸೋಂಕಿನ ಕ್ರಿಮಿಯನ್ನು ಕೊಲ್ಲುವುದು ಅದೇ. ಜೊತೆಗಿರುವ ಕ್ಲಾವುಲನೇಟ್, ಕ್ರಿಮಿಗಳು ಅದನ್ನು ಒಡೆದುಹಾಕದಂತೆ ಕಾಯುತ್ತದೆ. "ನಾವು ಹಾಕಲಿದ್ದ ಇಂಜೆಕ್ಷನ್ ಬೇರೆ ಹೆಸರಿನದು, ಆದರೆ ಅದೇ ಮನೆಯದು" ಅಂದರು.

ನಾನು ಅದನ್ನು ಅಪ್ಪನಿಗೆ ಕನ್ನಡದಲ್ಲಿ ಹೇಳಿದೆ. ಕಣ್ಣು ಮುಚ್ಚಿಯೇ ಕೇಳಿದ.

"ಅಂದ್ರ ನಮ್ಮ ಕಡೆ ಮನಿತನಕ್ಕೊಂದು ಅಡ್ಡಹೆಸರು ಇದ್ದಂಗ. ಮಂದಿ ಬ್ಯಾರೆ ಬ್ಯಾರೆ, ಮನಿತನ ಒಂದ."

"ಹೂಂ. ಆ ಮನಿತನದವರು ಯಾರೂ ನಿನಗ ಆಗೂದಿಲ್ಲ."

"ಮನಿತನದ ಹೆಸರು ಹೇಳು."

ಹೇಳಿದೆ. ಪೆನಿಸಿಲಿನ್. ಅವನು ತುಟಿಯಲ್ಲೇ ಅಂದುಕೊಂಡ. ಸಂಜೆ ಪಾಳಿ ಬದಲಾಗಿ ಹೊಸ ನರ್ಸ್ ಬಂದು ಬಾಟಲಿಗೆ ಕೈ ಹಚ್ಚುವ ಮೊದಲೇ ಅಪ್ಪ ಕಣ್ಣು ತೆರೆದು, "ಪೆನ್ಸಿಲಿನ್ ನಮಗ ಆಗೂದಿಲ್ರಿ" ಎಂದ. ಅವರಿಗೆ ಮೊದಲ ಪದ ಸಾಕಾಯಿತು.

ಐದನೇ ದಿನ ಬಾವು ಪಾದಕ್ಕಿಳಿಯಿತು. ಆ ಮಧ್ಯಾಹ್ನ ನಾನು ಉಳ್ಳೂರು ಜಂಕ್ಷನ್ನಿನ ಝೆರಾಕ್ಸ್ ಅಂಗಡಿಗೆ ಹೋದೆ. ಹೊಸ ಕಾರ್ಡಿನಲ್ಲಿ ಮೊದಲ ಸಾಲಿಗೆ ಪೆನಿಸಿಲಿನ್, ಅದರ ಕೆಳಗೆ ಸಣ್ಣಕ್ಷರದ ಪೂರ್ತಿ ಹೆಸರು, ಕಂಪನಿಯ ಹೆಸರು ಎಲ್ಲಕ್ಕಿಂತ ಕೆಳಗೆ. ಡಾಕ್ಟರಿಗೆ ತೋರಿಸಿ ಸರಿಯಿದೆ ಎನ್ನಿಸಿಕೊಂಡಿದ್ದೆ. ಬೇಗಡೆ ಚೂರನ್ನು ಮುಂಬದಿಗೆ, ನನ್ನ ಅಕ್ಷರಗಳ ಪಕ್ಕದಲ್ಲಿ ಇಟ್ಟೆ. ಹಳೆಯ ಕಾರ್ಡಿನಿಂದ ಕತ್ತರಿಸಿ ಉಳಿಸಿದ್ದ ಸಹಿಯನ್ನೂ ಅಪ್ಪ ಕೊಟ್ಟು ಕಳಿಸಿದ್ದ; ಅದನ್ನು ಕೆಳಗೆ ಅಂಟಿಸಿದೆ.

ಅಂಗಡಿಯವನು ಬೇಗಡೆ ಮುಟ್ಟಿ ನೋಡಿ ತಲೆಯಾಡಿಸಿದ. "ಚೇಚಿ, ಇದು ಯಾಕೆ? ಶಾಖಕ್ಕೆ ಉಬ್ಬುತ್ತದೆ. ಕಾರ್ಡು ನೋಡಲು ಚೆನ್ನಾಗಿರುವುದಿಲ್ಲ."

ಉಬ್ಬಲಿ, ಹಾಕಿ ಅಂದೆ.